ಹಿಂದಿರುಗಿ ನೋಡುವ ನವಿಲು

ಕಾವೇರಮ್ಮನಿಗೆ ಗಂಡನ ಹೆಸರು ಹೇಳಲು ಬಾಯಿ ಬರುತ್ತಿರಲಿಲ್ಲ. ನಗಬೇಡಿ, ಆ ಕಾಲದಲ್ಲಿ ಯಾವ ಮನೆಯ ಹೆಂಗಸಿಗೂ ಬರುತ್ತಿರಲಿಲ್ಲ. "ನಮ್ಮನೆಯವರು" ಅನ್ನಬೇಕು, "ಇವರು" ಅನ್ನಬೇಕು, ಅದೂ ಆಗದಿದ್ದರೆ ಕೆಮ್ಮಿ ಸುಮ್ಮನಾಗಬೇಕು. ಜನಗಣತಿಯವನು ಬಾಗಿಲಿಗೆ ಬಂದು ಯಜಮಾನರ ಹೆಸರೇನಮ್ಮ ಎಂದರೆ ಪಕ್ಕದ ಮನೆಯ ಮುದುಕಿಯನ್ನು ಕೂಗಿ ಕರೆದು ಹೇಳಿಸುತ್ತಿದ್ದರು. ಹೆಂಡತಿಯ ಬಾಯಲ್ಲಿ ಹೆಸರು ಬಂದರೆ ಗಂಡನ ಆಯುಸ್ಸು ಕಡಿಮೆಯಾಗುತ್ತದೆ ಎಂಬ ಭಯ. ಕಾವೇರಮ್ಮ ಆ ಭಯವನ್ನು ಗಂಟು ಕಟ್ಟಿ ಇಟ್ಟುಕೊಂಡಿದ್ದಳು. ಅದೇ ಅವಳ ಮನೆ ಹಾಳು ಮಾಡಿತು.

ಮದುವೆಯಾಗಿ ಚಾಮರಾಜಪೇಟೆಗೆ ಬಂದಾಗ ಅವಳು ಒಬ್ಬಳೇ ಬರಲಿಲ್ಲ. ತಾಯಿಯಿಲ್ಲದ ತಮ್ಮ ಬದರೀನಾರಾಯಣ ಅವಳ ಸೆರಗು ಹಿಡಿದುಕೊಂಡೇ ಬಂದ. ಗಂಡ ವರದರಾಜ ಶಾಲೆಯ ಮೇಷ್ಟ್ರು, ಮಾತು ಕಡಿಮೆ, ಮನಸ್ಸು ದೊಡ್ಡದು. "ಇರಲಿ ಬಿಡು, ಇಲ್ಲೇ ಓದ್ಕೊಳ್ಲಿ" ಅಂದ, ಅಲ್ಲಿಗೆ ಮುಗಿಯಿತು. ಅಂದಿನಿಂದ ಮನೆಗೆ ಹಲಸಿನ ತೊಳೆ ಬರಲಿ, ಕೊಬ್ಬರಿ ಮಿಠಾಯಿ ಬರಲಿ, ಕಾವೇರಮ್ಮ ತನಗೆ ಇಟ್ಟುಕೊಳ್ಳದೆ ಗಂಡನಿಗೂ ತಮ್ಮನಿಗೂ ಅರ್ಧ ಅರ್ಧ ಮಾಡುತ್ತಿದ್ದಳು. ಒಂದೇ ಕೋಡುಬಳೆ ಉಳಿದಿದ್ದರೂ ಮುರಿದು, ಎರಡು ತುಂಡನ್ನೂ ಪಕ್ಕ ಪಕ್ಕ ಹಿಡಿದು ನೋಡಿ ಕೊಡುವಳು. ವರದರಾಜನಿಗೆ ಅದನ್ನು ನೋಡಿದರೆ ನಗು.

ಇನ್ನೊಂದು ವಿಷಯಕ್ಕೂ ಆ ಮನೆಯಲ್ಲಿ ನಗುತ್ತಿದ್ದರು. ಅದು ಅವಳ ರಂಗೋಲಿ. ಚುಕ್ಕಿ ಇಡದೆ, ಒಂದೇ ಎಳೆಯಲ್ಲಿ ಅವಳು ನವಿಲು ಬಿಡಿಸುವಳು. ಬಾಲದಿಂದ ಶುರು, ಹೊಟ್ಟೆ ಸುತ್ತಿ, ಕೊರಳಿಗೆ ಬಂದಾಗ ಅವಳ ಕೈ ತಾನಾಗಿ ಹಿಂದಕ್ಕೆ ತಿರುಗಿಬಿಡುತ್ತಿತ್ತು. "ಎಲ್ಲರ ಮನೆ ನವಿಲೂ ಮುಂದೆ ನೋಡುತ್ತೆ, ನಿನ್ನದೇನೇ ಕದ್ದು ಓಡೋರ ಹಾಗೆ ಹಿಂದಕ್ಕೆ ತಿರುಗಿ ನೋಡೋದು?" ಎಂದು ಅತ್ತೆ ಇದ್ದಷ್ಟು ದಿನ ಬೈದರು. ವರದರಾಜ ಬೈಯಲೂ ಇಲ್ಲ, ಹೊಗಳಲೂ ಇಲ್ಲ. ಶಾಲೆಗೆ ಹೊರಟಾಗ ನವಿಲನ್ನು ಬಳಸಿಕೊಂಡು ಬೀದಿಗಿಳಿಯುವನು. ಇಳಿದು, ಒಮ್ಮೆ ಹಿಂದಿರುಗಿ ನೋಡಿ ಹೋಗುವನು. ಕಾವೇರಮ್ಮನಿಗೆ ಅಷ್ಟೇ ಸಾಕಾಗಿತ್ತು.

ಸಾವಿರದ ಎಂಟುನೂರ ತೊಂಬತ್ತೆಂಟರಲ್ಲಿ ಊರಿಗೆ ಪ್ಲೇಗು ಬಂತು. ಬೀದಿಗೆ ಬೀದಿಯೇ ಬಾಗಿಲು ಹಾಕಿಕೊಂಡು ಬಯಲಿನ ಗುಡಿಸಲುಗಳಿಗೆ ಹೋಯಿತು. ಮೇಷ್ಟ್ರು ಕೂಡ ಹೊರಡಬೇಕು ಅನ್ನುವಷ್ಟರಲ್ಲಿ ಅವರ ತೊಡೆಸಂದಿಯಲ್ಲಿ ಗಂಟು ಎದ್ದಿತು. ಸರ್ಕಾರದವರು ಬಂದು ಊರಾಚೆಯ ಪ್ಲೇಗಿನ ಷೆಡ್ಡಿಗೆ ಸಾಗಿಸಿದರು. ಹೆಂಡತಿ ದೂರದ ಬೇಲಿಯಿಂದ ನೋಡಬಹುದು, ಒಳಗೆ ಬಿಡುವುದಿಲ್ಲ. ಡಾಕ್ಟರು ತಲೆ ಆಡಿಸಿ ಹೋದರು.

ಆಗ ಬದರಿಯೇ ಬಂದು ಹೇಳಿದ್ದು. "ಅಕ್ಕ, ಒಂದು ದಾರಿ ಇದೆ. ಯಾರಿಗೂ ಹೇಳ್ಬೇಡ. ಬಟ್ಟಲಿನವರ ಹತ್ರ ಹೋಗೋಣ."

ಚಾಮರಾಜಪೇಟೆಯಲ್ಲಿ ಒಂದು ಭಜನೆ ಮನೆ ಇತ್ತು. ಕೆಳಗೆ ತಾಳ, ಹಾರ್ಮೋನಿಯಂ, ಕೋಸಂಬರಿ. ಮಹಡಿಯ ಮೇಲೆ ವ್ಯಾಪಾರ. ಒಂದು ದೊಡ್ಡ ಕೊಳಗದ ನೀರಿನಲ್ಲಿ ತಳಕ್ಕೆ ತೂತಿರುವ ತಾಮ್ರದ ಬಟ್ಟಲು ತೇಲುತ್ತಿರುತ್ತಿತ್ತು. ಮದುವೆಮನೆಯಲ್ಲಿ ಮುಹೂರ್ತ ನೋಡಲು ಇಡುತ್ತಾರಲ್ಲ, ಅದೇ ಗಳಿಗೆ ಬಟ್ಟಲು. ಅದು ತುಂಬಿ ಮುಳುಗುವಷ್ಟರಲ್ಲಿ ಒಬ್ಬರ ಆಯುಸ್ಸು ಇನ್ನೊಬ್ಬರಿಗೆ ದಾಟಿರುತ್ತಿತ್ತು. ಕಾಸಿನ ಮಾತು ಅಲ್ಲಿಲ್ಲ. ಬದುಕಿ ಬೇಸತ್ತ ಮುದುಕ ತನ್ನ ಕೊನೆಯ ವರ್ಷಗಳನ್ನು ಕೊಡುವನು, ಮೊಮ್ಮಗನಿಗೆ ಕಚೇರಿಯಲ್ಲಿ ಕೆಲಸವಾಗುವುದು. ವಿಧವೆಯೊಬ್ಬಳು ಕೊಡುವಳು, ಮಗಳಿಗೆ ವರ ಸಿಗುವುದು. ಕೊಳ್ಳುವವರು ದೊಡ್ಡ ಜನ, ಆದ್ದರಿಂದ ಎಲ್ಲವೂ ನಡೆಯುತ್ತಿತ್ತು. ಹೀಗೆ ಧಾರೆಯೆರೆದು ಕೊಟ್ಟ ಪ್ರತಿ ಆಯುಸ್ಸಿನಲ್ಲೂ ಒಂದು ಹಿಡಿ ಕಾಲ ಭಜನೆ ಮಂಡಳಿಗೆ. ಅದಕ್ಕೇ ಮಂಡಳಿಯ ಯಜಮಾನ ಪರಮಶಿವಯ್ಯನವರು ಯಾರ ಅಜ್ಜನನ್ನು ಕೇಳಿದರೂ ಅದೇ ಎಪ್ಪತ್ತು ವರ್ಷದವರಾಗಿಯೇ ಇದ್ದರು. ದೇವರ ನಾಮವನ್ನು ಬಹಳ ಸೊಗಸಾಗಿ ಹಾಡುತ್ತಿದ್ದರಂತೆ. ಹಾಡದೆ ಏನು, ಅಭ್ಯಾಸಕ್ಕೆ ಬೇಕಾದಷ್ಟು ಸಮಯ ಇತ್ತು.

ಹೊರಡುವ ದಿನ ಬೆಳಿಗ್ಗೆ ಬದರಿ ಅವಸರ ಮಾಡಿದ. ಕಾವೇರಮ್ಮ ಮಾತ್ರ ಬಾಗಿಲು ಸಾರಿಸಿ ನವಿಲು ಬಿಡಿಸಿಯೇ ಎದ್ದಳು. ರಂಗೋಲಿಯಿಲ್ಲದ ಬಾಗಿಲು ಸೂತಕದ ಬಾಗಿಲು. ಗಂಡ ಇನ್ನೂ ಉಸಿರಾಡುತ್ತಿರುವಾಗ ಅಂಥ ಬಾಗಿಲು ಬಿಟ್ಟು ಹೋಗಲು ಅವಳಿಗೆ ಮನಸ್ಸು ಬರಲಿಲ್ಲ.

ಮಹಡಿಯಲ್ಲಿ ಹೆಂಗಸರಿಗೆ ಬಿದಿರಿನ ತಟ್ಟಿಯ ಮರೆ. ತಟ್ಟಿಯ ಕೆಳಗಿಂದ ಕೈ ಚಾಚಿ, ತುಳಸಿಯ ಮೇಲೆ ನೀರು ಬಿಟ್ಟು ಕೊಡಬೇಕು.

"ಎಷ್ಟು ಕೊಡ್ತೀರಿ ತಾಯಿ?" ಎಂದರು ಪರಮಶಿವಯ್ಯನವರು.

"ಎಷ್ಟು ಬೇಕೋ ಅಷ್ಟು ತಗೊಳ್ಳಿ."

"ಹಾಗೆಲ್ಲ ತಗೊಳ್ಳಲ್ಲ. ಹನ್ನೆರಡು ವರ್ಷ ಸಾಕು. ನೋಡಿ, ಪಡೆದವರಿಗೆ ಅವರ ಸ್ವಂತ ಆಯುಸ್ಸು ಮುಗಿದ ಮೇಲೇ ನಿಮ್ಮದು ಶುರುವಾಗೋದು. ಶುರುವಾದ್ರೆ ಗೊತ್ತಾಗುತ್ತೆ. ಕೊಟ್ಟವರ ಕೈಯಲ್ಲಿ ಏನು ಅಭ್ಯಾಸ ಇದೆಯೋ ಅದು ಕೊಟ್ಟವರನ್ನ ಬಿಟ್ಟು ಪಡೆದವರ ಕೈಗೆ ಬರುತ್ತೆ. ಗುತ್ತಿಗೆದಾರ ಶಂಭುಲಿಂಗಪ್ಪನವರು ದರ್ಜಿಯೊಬ್ಬನ ಕಾಲ ತಗೊಂಡ್ರು. ಈಗ ದೊಡ್ಡ ಸಭೆಯಲ್ಲಿ ಕೂತು ಶಲ್ಯದ ದಾರ ಕಿತ್ತು ತುಟಿಯಲ್ಲಿ ಒದ್ದೆ ಮಾಡ್ತಾರೆ." ಅವರು ಸಣ್ಣಗೆ ನಕ್ಕರು. "ಈಗ ಯಾರಿಗೆ ಅಂತ ಹೆಸರು ಹೇಳಿ. ನನ್ನ ಕಿವಿಯಲ್ಲಿ ಮಾತ್ರ. ಇನ್ಯಾರಿಗೂ ಕೇಳಿಸ್ಬಾರದು, ಅದು ಇಲ್ಲಿನ ಕಟ್ಟಳೆ."

"ನಮ್ಮನೆಯವರಿಗೆ."

"ಹಾಗಂದ್ರೆ ಆಗಲ್ಲ ತಾಯಿ. ಹೆಸರೇ ಬೇಕು."

ಕಾವೇರಮ್ಮ ಬಾಯಿ ತೆರೆದಳು. ಮತ್ತೆ ಮುಚ್ಚಿದಳು. ಬೇಲಿಯಾಚೆ ಆ ಜೀವ ಒಂದೊಂದು ಉಸಿರಿಗೂ ಒದ್ದಾಡುತ್ತಿರುವಾಗ, ತಾನೇ ಹೆಸರು ಹೇಳಿ ಇದ್ದಷ್ಟು ಆಯುಸ್ಸನ್ನೂ ಕಡಿಮೆ ಮಾಡಲೇ? ಬಟ್ಟಲು ಆಗಲೇ ನೀರು ಕುಡಿಯತೊಡಗಿತ್ತು. ಅವಳು ತಟ್ಟಿಯ ಸಂದಿನಿಂದ ತಮ್ಮನ ಕಡೆ ನೋಡಿದಳು.

"ಬದರಿ, ನೀನೇ ಹೇಳ್ಬಿಡಪ್ಪ."

ಬದರಿ ಎದ್ದ. ಬಗ್ಗಿ ಮುದುಕರ ಕಿವಿಯಲ್ಲಿ ಹೆಸರು ಹೇಳಿದ. ಪರಮಶಿವಯ್ಯನವರ ಹುಬ್ಬು ಸ್ವಲ್ಪ ಮೇಲೇರಿತು. ಅವನನ್ನೊಮ್ಮೆ, ತಟ್ಟಿಯನ್ನೊಮ್ಮೆ ನೋಡಿದರು. ಆಮೇಲೆ ಆಗಲಿ ಎಂಬಂತೆ ತಲೆಯಾಡಿಸಿದರು. ಕಾವೇರಮ್ಮ ನೀರು ಬಿಟ್ಟಳು. ಬಟ್ಟಲು ಮುಳುಗಿತು.

ಅಲ್ಲಿಂದ ಓಡಿಕೊಂಡೇ ಬೇಲಿಯ ಬಳಿ ಬಂದಳು. ಷೆಡ್ಡಿನ ಬಾಗಿಲಲ್ಲಿ ವರದರಾಜನ ಹಾಸಿಗೆ ಕಾಣುತ್ತಿತ್ತು. ಅವನ ಬಲಗೈ ಹೊದಿಕೆಯ ಹೊರಗಿತ್ತು. ಆ ಬೆರಳು ಈಗ ಅಲ್ಲಾಡುತ್ತದೆ, ಈಗ ಸುತ್ತುತ್ತದೆ, ಹೊದಿಕೆಯ ಮೇಲೆ ನವಿಲು ಬಿಡಿಸುತ್ತದೆ ಎಂದು ಅವಳು ಕಣ್ಣು ಮಿಟುಕಿಸದೆ ಕಾದಳು. ಬೆರಳು ಅಲ್ಲಾಡಲಿಲ್ಲ. ಸಂಜೆಗೆ ಮುಖದ ಮೇಲೆ ಹೊದಿಕೆ ಎಳೆದರು.

"ತಡವಾಯ್ತು ಅಕ್ಕ," ಎಂದ ಬದರಿ ಅವಳ ಪಕ್ಕದಲ್ಲಿ ಕೂತು. "ನೀನು ಆ ರಂಗೋಲಿ ಹಾಕ್ಕೊಂಡು ಕೂತ್ಕೋಬಾರ್ದಿತ್ತು."

ಒಂದು ಮಾತು. ಆ ಮಾತನ್ನು ಕಾವೇರಮ್ಮ ಇಪ್ಪತ್ತು ವರ್ಷ ಹೊತ್ತಳು. ತಲೆ ಬೋಳಿಸಿದರು, ಕೆಂಪು ಸೀರೆ ಉಡಿಸಿದರು, ಅಳಲಿಲ್ಲ. ರಂಗೋಲಿ ಪುಡಿ ಮುಟ್ಟಬಾರದು ಎಂದರು, ಅದಕ್ಕೂ ಸುಮ್ಮನಿದ್ದಳು. ಮುಟ್ಟುವ ಯೋಗ್ಯತೆ ತನಗೆಲ್ಲಿದೆ, ಗಂಡನನ್ನು ಈ ಕೈಯೇ ಅಲ್ಲವೇ ಕೊಂದದ್ದು ಎಂದುಕೊಂಡಳು. ಬದರಿ ಓದಿ ಕೆಲಸಕ್ಕೆ ಸೇರಿದ, ಬಸವನಗುಡಿಯಲ್ಲಿ ಮನೆ ಕಟ್ಟಿದ, ಅಕ್ಕನನ್ನು ಕಣ್ಣಿನ ರೆಪ್ಪೆಯ ಹಾಗೆ ನೋಡಿಕೊಂಡ. ಅವಳ ಮಡಿಗೆ ಬೇರೆ ಒಲೆ ಹಾಕಿಸಿದ. ಹೆಂಡತಿ ಶೈಲಜಮ್ಮ ಒಮ್ಮೆ ದನಿ ಎತ್ತಿದ್ದಕ್ಕೆ ಎರಡು ದಿನ ಊಟ ಬಿಟ್ಟ. ಇಂಥ ತಮ್ಮ ಯಾರಿಗಿದ್ದಾನೆ ಎಂದು ಬಸವನಗುಡಿಯ ಹೆಂಗಸರೆಲ್ಲ ಹೊಟ್ಟೆಕಿಚ್ಚು ಪಟ್ಟರು. ಕಾವೇರಮ್ಮನೂ ದೇವರಿಗೆ ಕೈಮುಗಿಯುವಾಗ ಮೊದಲು ಅವನ ಹೆಸರೇ ಹೇಳುತ್ತಿದ್ದಳು. ತಮ್ಮನ ಹೆಸರು ಹೇಳಲು ಏನು ಅಡ್ಡಿ?

ಮೊದಲ ಮಹಾಯುದ್ಧ ಮುಗಿಯುವ ಹೊತ್ತಿಗೆ ಜ್ವರದ ಮಾರಿ ಬಂತು. ಇನ್‌ಫ್ಲುಯೆಂಜಾ ಎಂದರು. ಬದರಿ ಮಲಗಿದವನು ಏಳಲಿಲ್ಲ. ಡಾಕ್ಟರು ಕೈಬಿಟ್ಟರು, ಶೈಲಜಮ್ಮ ತಾಳಿ ಹಿಡಿದುಕೊಂಡು ದೇವರ ಮುಂದೆ ಬಿದ್ದುಕೊಂಡಳು. ಬೆಳಗಾದರೆ ರೋಗಿ ಎದ್ದು ಕೂತು ಗಂಜಿ ಕೇಳುತ್ತಿದ್ದಾನೆ! ಮನೆಯಲ್ಲಿ ಹಬ್ಬವಾಯಿತು. ಕಾವೇರಮ್ಮ ಆಂಜನೇಯನಿಗೆ ವಡೆ ಸರ ಹಾಕಿಸಿ ಬಂದಳು.

ಒಂದು ಭಾನುವಾರ ಬದರಿ ಊಟಕ್ಕೆ ಕೂತಿದ್ದ. ಸಾರು ಮುಗಿದಿತ್ತು, ಮಜ್ಜಿಗೆಗೆ ಕಾಯುತ್ತಿದ್ದ. ಶೈಲಜಮ್ಮ ಒಳಗೆ ಹೋಗಿದ್ದಳು. ಕಾವೇರಮ್ಮ ಅಡುಗೆಮನೆಯ ಹೊಸ್ತಿಲಲ್ಲಿ ನಿಂತು ಸುಮ್ಮನೆ ನೋಡುತ್ತಿದ್ದಳು. ಅವನ ಬೆರಳು ಲೋಟದ ನೀರಿಗೆ ಇಳಿಯಿತು. ಎಲೆಯ ಪಕ್ಕ ನೆಲದ ಮೇಲೆ ಒಂದು ಎಳೆ ಎಳೆಯಿತು. ಬಾಲ. ಆಮೇಲೆ ಹೊಟ್ಟೆಯ ಸುತ್ತು. ಕೊರಳಿಗೆ ಬಂತು, ಮತ್ತು ಹಿಂದಕ್ಕೆ ತಿರುಗಿತು.

ಮಜ್ಜಿಗೆ ಸೌಟು ಹಿಡಿದುಕೊಂಡು ಬಂದ ಶೈಲಜಮ್ಮ ನಕ್ಕಳು. "ನೋಡಿ ಅತ್ತಿಗೆ, ಜ್ವರ ಬಿಟ್ಟಾಗಿಂದ ಇವರಿಗೆ ಇದೊಂದು ಹುಚ್ಚು. ಕಚೇರಿ ಕಾಗದದ ಮೇಲೂ ಇದೇ ಗೀಚ್ತಾರಂತೆ."

ಕಾವೇರಮ್ಮ ಬಾಗಿಲ ಚೌಕಟ್ಟು ಹಿಡಿದುಕೊಂಡಳು. ಇಪ್ಪತ್ತು ವರ್ಷದ ಹಿಂದೆ ಬೇಲಿಗೆ ಮುಖ ಒತ್ತಿ ಯಾವುದಕ್ಕೆ ಕಾದಿದ್ದಳೋ ಅದು ಈಗ ಕಣ್ಣ ಮುಂದಿತ್ತು. ಕೈ ಮಾತ್ರ ಬೇರೆಯವರದು.

ಶೈಲಜಮ್ಮ ಎಲೆ ಎತ್ತಿಕೊಂಡು ಹಿತ್ತಲಿಗೆ ಹೋಗುವವರೆಗೂ ಅವಳು ಕಾದಳು. ಆಮೇಲೆ ಕೇಳಿದಳು. "ಬದರಿ, ಅವತ್ತು ಯಾರ ಹೆಸರು ಹೇಳ್ದೆ?"

ಬದರಿ ನೆಲ ನೋಡಿದ. ನವಿಲು ಇನ್ನೂ ಆರಿರಲಿಲ್ಲ. ಅದನ್ನು ಆಗ ತಾನೇ ಕಂಡವನ ಹಾಗೆ ಅಂಗೈಯಿಂದ ಒರೆಸಲು ಹೋದ.

"ಒರಿಸ್ಬೇಡ. ಹೇಳು."

"ಅಕ್ಕ, ನಂಗೆ ಕಂಕುಳಲ್ಲಿ ಗಂಟು ಬಂದಿತ್ತು." ಅವನ ದನಿ ಚಿಕ್ಕಂದಿನದಾಯಿತು. "ಅವತ್ತು ಬೆಳಿಗ್ಗೆನೇ ನೋಡ್ಕೊಂಡಿದ್ದೆ. ಭಾವಂದು ಆಗ್ಲೇ ಮುಗಿದ ಹಾಗಿತ್ತು. ನಾನಿನ್ನೂ ಏನೂ ಕಂಡಿರ್ಲಿಲ್ಲ. ಬಗ್ಗಿದಾಗ ಬಾಯಲ್ಲಿ ನನ್ನ ಹೆಸರೇ ಬಂದ್ಬಿಡ್ತು."

"ಗಂಟು ಏನಾಯ್ತು?"

ಬದರಿ ಒದ್ದೆ ಬೆರಳನ್ನು ಪಂಚೆಗೆ ಒರೆಸಿಕೊಂಡ.

"ಕುರು ಅಕ್ಕ. ಬರೀ ಕುರು. ನಾಲ್ಕು ದಿನಕ್ಕೆ ಒಡೆದು ಹೋಯ್ತು."

ಕುರು! ಬೇವಿನ ಸೊಪ್ಪು ಅರೆದು ಹಚ್ಚಿದ್ದರೆ ಮುಗಿಯುತ್ತಿದ್ದ ಕುರುವಿಗೆ ಒಂದು ಮನೆಯ ದೀಪ ಹೋಗಿತ್ತು. ಆ ಹನ್ನೆರಡು ವರ್ಷ ಯಾರಿಗೂ ಬೇಕಿಲ್ಲದೆ, ಅಟ್ಟದ ಮೇಲಿನ ಉಪ್ಪಿನಕಾಯಿಯ ಹಾಗೆ, ಅವನ ಆಯುಸ್ಸು ಮುಗಿಯುವ ದಿನಕ್ಕಾಗಿ ಕಾದು ಕೂತಿತ್ತು.

"ರಂಗೋಲಿ ಹಾಕಿದ್ದಕ್ಕೆ ತಡವಾಯ್ತು ಅಂದ್ಯಲ್ಲೋ," ಎಂದಳು ಕಾವೇರಮ್ಮ. "ಗಂಡನ್ನ ನಾನೇ ಕೊಂದೆ ಅಂತ ಈ ಕೈ ನೋಡ್ಕೊಂಡು ಇಪ್ಪತ್ತು ವರ್ಷ ಬದುಕಿದೀನಲ್ಲೋ. ದಿನಾ ನನ್ನ ಎದುರಿಗೇ ಕೂತು ಉಂಡ್ಯಲ್ಲ, ಒಂದು ದಿನ ಹೇಳೋಕಾಗ್ಲಿಲ್ವಾ?"

"ಹೇಳಿದ್ರೆ ನೀನು ಬಿಟ್ಟು ಹೋಗ್ತಿದ್ದೆ."

"ಅವತ್ತು ಕೇಳಿದ್ದಿದ್ರೆ ಅರ್ಧ ಅರ್ಧ ಮಾಡಿ ಕೊಡ್ತಿದ್ದೆನಲ್ಲೋ ಪಾಪಿ! ಯಾವತ್ತು ನಿಂಗೆ ಕಡಿಮೆ ಮಾಡಿದ್ದೆ?"

ಕಾವೇರಮ್ಮನಿಗೆ ಗಂಡ ಹೋದ ದಿನಕ್ಕಿಂತ ಇದು ಕೆಟ್ಟದಾಗಿತ್ತು. ಅವತ್ತು ಒಬ್ಬರು ಹೋಗಿದ್ದರು, ಇನ್ನೊಬ್ಬ ಉಳಿದಿದ್ದ. ಇವತ್ತು ಅವನೂ ಹೋದ. ಬೇರೆ ಒಲೆ, ಊಟ ಬಿಟ್ಟದ್ದು, ಕಣ್ಣಿನ ರೆಪ್ಪೆ, ಎಲ್ಲವೂ ಅಂಜಿಕೆಯ ಸೇವೆಯಾಗಿತ್ತು. ಪ್ರೀತಿಯೂ ಇತ್ತೋ ಏನೋ. ಯಾವುದು ಎಷ್ಟು ಎಂದು ಇನ್ನು ಬಿಡಿಸಿ ನೋಡುವುದು ಹೇಗೆ?

"ನಾಳೆ ಬೆಳಿಗ್ಗೆ ಚಾಮರಾಜಪೇಟೆಗೆ ಬಾ," ಎಂದು ಒಳಗೆ ಹೋದಳು.

ಧಾರೆ ದಾರಿ ತಪ್ಪಿ ಬಿದ್ದಿದ್ದರೆ ಕೊಟ್ಟವರು ಹಿಂದಕ್ಕೆ ಕೇಳಬಹುದು ಎಂಬುದು ಬಟ್ಟಲಿನವರ ಕಟ್ಟಳೆ. ಪಡೆದವನು ಎದುರಿಗೆ ಕೂರಬೇಕು. ಕೊಟ್ಟವರು ಯಾರಿಗೆ ಕೊಡಬೇಕೆಂದಿದ್ದರೋ ಆ ಹೆಸರನ್ನು ಬಾಯಿಬಿಟ್ಟು ಹೇಳಬೇಕು. ಬಟ್ಟಲು ಪೂರ್ತಿ ಮುಳುಗಿದರೆ ಕೊಟ್ಟದ್ದೆಲ್ಲ ವಾಪಸು. ಬದರಿಯ ಸ್ವಂತ ಆಯುಸ್ಸು ಜ್ವರದಲ್ಲೇ ಮುಗಿದಿತ್ತು. ಬಟ್ಟಲು ಮುಳುಗಿದರೆ ಅವನು ಎದ್ದು ಮನೆಗೆ ಹೋಗುವ ಮಾತಿಲ್ಲ. ಅದು ಇಬ್ಬರಿಗೂ ಗೊತ್ತಿತ್ತು. ಅವನ ಒಳ್ಳೆಯತನಕ್ಕೆ ಇಷ್ಟಾದರೂ ಹೇಳಬೇಕು, ಅವನು ಬಂದ.

ಪರಮಶಿವಯ್ಯನವರು ಎಪ್ಪತ್ತು ವರ್ಷದವರಾಗಿಯೇ ಕೂತಿದ್ದರು.

"ಇವನು ತನ್ನ ಹೆಸರು ಹೇಳಿದಾಗ ನಿಮಗೆ ಗೊತ್ತಿತ್ತು," ಎಂದಳು ಕಾವೇರಮ್ಮ. ತಟ್ಟಿಯ ಹಿಂದೆ ಕೂರದೆ ನೇರವಾಗಿ ಬಂದು ಅವರ ಮುಂದೆ ಕೂತಿದ್ದಳು.

"ಹೆಸರು ಕೇಳಿಸ್ಕೊಳ್ಳೋದು ನನ್ನ ಕೆಲಸ ತಾಯಿ. ಯಾಕೆ ಏನು ಅಂತ ಕೇಳೋದಲ್ಲ."

"ನಿಮ್ಮ ಪಾಲಿನ ಹಿಡಿ ಮಾತ್ರ ತಪ್ಪದೆ ತಗೊಂಡ್ರಿ."

ಮುದುಕರು ಬಟ್ಟಲನ್ನು ನೀರಿನ ಮೇಲೆ ಬಿಟ್ಟರು. "ಹೆಸರು ನೀವೇ ಹೇಳ್ತೀರೋ, ಇವರೇ ಹೇಳ್ಬೇಕೋ?"

"ವರದರಾಜ," ಎಂದಳು ಕಾವೇರಮ್ಮ.

ಕಿವಿಯಲ್ಲಿ ಹೇಳಲಿಲ್ಲ, ಕೆಳಗೆ ಭಜನೆಯವರಿಗೂ ಕೇಳಿಸುವ ಹಾಗೆ ಹೇಳಿದಳು. ಹೇಳಿದ ಮೇಲೆ ಇಷ್ಟೇ ತಾನೇ ಅನ್ನಿಸಿತು. ನಾಲಿಗೆ ಬಿದ್ದು ಹೋಗಲಿಲ್ಲ, ಸೂರು ಕುಸಿಯಲಿಲ್ಲ. ಇಷ್ಟನ್ನು ಅವತ್ತು ಹೇಳಿದ್ದರೆ! ಕಣ್ಣೀರು ಧಾರಾಕಾರವಾಗಿ ಇಳಿಯಿತು. ಒರೆಸಿಕೊಳ್ಳಲಿಲ್ಲ.

ಬಟ್ಟಲಿಗೆ ನೀರು ಏರತೊಡಗಿತು. ಬದರಿ ಕಣ್ಣು ಮುಚ್ಚಿ ಕೂತಿದ್ದ. ಕೊಳಗದಿಂದ ಚೆಲ್ಲಿದ ನೀರಿನಲ್ಲಿ ಅವನ ಬೆರಳು ತನ್ನ ಪಾಡಿಗೆ ನವಿಲು ಬಿಡಿಸುತ್ತಿತ್ತು. ನೀರು ಏರಿದಂತೆ ಬೆರಳು ನಿಧಾನವಾಯಿತು. ಬಾಲ ಮರೆತುಹೋಯಿತು. ಅವನ ಮುಖ ಬೂದಿಯಾಯಿತು, ಜ್ವರದ ಕೊನೆಯ ರಾತ್ರಿಯ ಮುಖ. ಇತ್ತ ಕಾವೇರಮ್ಮನ ಬೆರಳ ತುದಿಯಲ್ಲಿ ಜುಮ್ಮೆಂದಿತು. ಇಪ್ಪತ್ತು ವರ್ಷ ಸತ್ತಂತಿದ್ದ ಕೈಯಲ್ಲಿ ಬಾಲದ ಎಳೆ ಎದ್ದು ಕೂತಿತು.

ಮುಳುಗಲಿ ಅನ್ನಿಸಿತು ಅವಳಿಗೆ. ಸುಳ್ಳು ಹೇಳುವುದೇಕೆ, ನಿಜವಾಗಿಯೂ ಅನ್ನಿಸಿತು. ಬಟ್ಟಲು ಅರ್ಧಕ್ಕೆ ಬಂತು. ಅವಳು ಕೈ ಹಾಕಿ ಅದನ್ನು ನೀರಿನಿಂದ ಎತ್ತಿಬಿಟ್ಟಳು.

"ಇದೇನು ತಾಯಿ! ಹೀಗೆ ಯಾರೂ ಮಾಡಿಲ್ಲ," ಎಂದು ಪರಮಶಿವಯ್ಯನವರು ಗಾಬರಿಯಾದರು.

"ನಮ್ಮನೆಯಲ್ಲಿ ಹೀಗೇ ಮಾಡೋದು," ಎಂದು ಬಟ್ಟಲನ್ನು ನೆಲದ ಮೇಲೆ ಕವುಚಿದಳು. "ಕೇಳಿದ್ದಿದ್ರೆ ನಿನ್ನ ಪಾಲಿಗೆ ಎಷ್ಟು ಬರ್ತಿತ್ತೋ ಅಷ್ಟು ನಿಂಗೆ ಬಂತು ಬದರಿ. ಎದ್ದು ಮನೆಗೆ ಹೋಗು. ಶೈಲಜ ಕಾಯ್ತಿರ್ತಾಳೆ."

"ನೀನು ಬರಲ್ವಾ ಅಕ್ಕ?"

ಅವಳು ಮೆಟ್ಟಿಲಿಳಿದು ಜಟಕಾ ಕೂಗಿದಳು.

ಮಲ್ಲೇಶ್ವರದಲ್ಲಿ ಅವಳ ಬಾಲ್ಯದ ಗೆಳತಿ ಭಾಗೀರಥಮ್ಮನ ಮನೆಯಿತ್ತು. ಅದರ ಹಿಂದೆ ಬೀದಿಗೆ ಬೇರೆ ಬಾಗಿಲಿರುವ ಒಂದು ಕೋಣೆ. ಸಂಡಿಗೆ, ಹುಳಿಪುಡಿ ಮಾಡಿ ಮಾರಿಕೊಂಡು ಕಾವೇರಮ್ಮ ಅಲ್ಲಿ ನಿಂತಳು. ಮೊದಲ ಬೆಳಿಗ್ಗೆಯೇ ಬಾಗಿಲು ಸಾರಿಸಿ ರಂಗೋಲಿ ಪುಡಿ ಹಿಡಿದು ಕೂತಳು. ಬೋಳು ತಲೆಯ ಹೆಂಗಸು ರಂಗೋಲಿ ಹಾಕುವುದೆಂದರೇನು! ಬೀದಿಯಲ್ಲಿ ಮೂಗಿನ ಮೇಲೆ ಬೆರಳಿಟ್ಟವರೆಷ್ಟೋ. ಅವಳು ಕತ್ತೆತ್ತಿ ನೋಡಲಿಲ್ಲ. ಬಾಲ ಬಂತು, ಹೊಟ್ಟೆಯ ಸುತ್ತು ಬಂತು. ಕೊರಳಿನ ಹತ್ತಿರ ಬಂದು ಕೈ ನಿಂತುಬಿಟ್ಟಿತು. ಮುಂದಕ್ಕೆ ಗೊತ್ತಿಲ್ಲ. ಎಷ್ಟು ಹೊತ್ತು ಕೂತರೂ ಬರಲಿಲ್ಲ. ಅರ್ಧ ಇಲ್ಲಿತ್ತು, ಕೊರಳಿನರ್ಧ ಬಸವನಗುಡಿಯಲ್ಲಿ ಉಳಿದಿತ್ತು.

ದಿನವೂ ಅಷ್ಟೇ ಹಾಕಿದಳು. ಕೊರಳಿಲ್ಲದ ನವಿಲಿನ ಮನೆ ಎಂದು ಮಲ್ಲೇಶ್ವರದಲ್ಲಿ ಗುರುತು ಹೇಳುವಷ್ಟಾಯಿತು.

ಒಂದು ಬೆಳಿಗ್ಗೆ ಬದರಿ ಬಂದ. ಸೊರಗಿದ್ದ, ಪೇಟ ಸರಿಯಾಗಿ ಕಟ್ಟಿರಲಿಲ್ಲ. ಕೈಯಲ್ಲಿ ಬಾಳೆಹಣ್ಣಿನ ಚಿಪ್ಪು. ಕಾವೇರಮ್ಮ ಹೊಸ್ತಿಲಲ್ಲಿ ನಿಂತಿದ್ದಳು. ಅವನು ಅವಳ ಮುಖ ನೋಡಲಾರದೆ ನೆಲ ನೋಡಿದ. ಕೊರಳಿಲ್ಲದ ನವಿಲು ಕಾಣಿಸಿತು. ಅವನ ಕಣ್ಣು ತುಂಬಿತು. ಹಣ್ಣು ಕೆಳಗಿಟ್ಟು, ಕುಕ್ಕರಗಾಲಲ್ಲಿ ಕೂತು, ರಂಗೋಲಿ ಬಟ್ಟಲಲ್ಲಿ ಉಳಿದಿದ್ದ ಪುಡಿ ಚಿಟಿಕೆಯಲ್ಲಿ ತೆಗೆದುಕೊಂಡ. ಕೊರಳು ಏರಿತು, ಸೊಗಸಾಗಿ ಹಿಂದಕ್ಕೆ ತಿರುಗಿತು, ಕೊಕ್ಕು ಬಂತು, ಕಣ್ಣು ಬಂತು. ಇಪ್ಪತ್ತು ವರ್ಷದ ಹಿಂದೆ ಮೇಷ್ಟ್ರು ಬಳಸಿಕೊಂಡು ಹೋಗುತ್ತಿದ್ದ ಅದೇ ನವಿಲು, ಪೂರ್ತಿ.

ಬದರಿ ತಲೆ ಎತ್ತಿ ಅಕ್ಕನನ್ನು ನೋಡಿದ. ಮುಖದಲ್ಲಿ ಸಣ್ಣ ಆಸೆ ಇತ್ತು.

ಕಾವೇರಮ್ಮ ನವಿಲನ್ನು ಬಹಳ ಹೊತ್ತು ನೋಡಿದಳು. ಒಳಗೆ ಹೋಗಿ ಕೊಡದಲ್ಲಿ ನೀರು ತಂದಳು. ಬಾಲದಿಂದ ಕೊಕ್ಕಿನವರೆಗೆ ಒಂದು ಎಳೆಯೂ ಉಳಿಯದ ಹಾಗೆ ಸುರಿದಳು. ಬಿಳಿಯ ನೀರು ಅವನ ಪಾದ ತೋಯಿಸಿಕೊಂಡು ಚರಂಡಿಗೆ ಹರಿಯಿತು.

"ಕೇಳಿ ಹಾಕ್ಬೇಕಿತ್ತು, ಬದರಿ," ಎಂದು ಬಾಗಿಲು ಹಾಕಿಕೊಂಡಳು.